ಮನೆಯ ಒತ್ತೆಯೂ ಮನುಷ್ಯನ ಆಯುಷ್ಯವೂ



ಮನೆ ಕಟ್ಟಿ ನೋಡು, ಮದುವೆ ಮಾಡಿ ನೋಡು ಎಂಬ ಗಾದೆಯನ್ನು ನಮ್ಮ ಹಿರಿಯರು ಸುಮ್ಮನೆ ಹೇಳಿದವರಲ್ಲ. ಈ ಎರಡು ಕಾರ್ಯಗಳಲ್ಲಿ ಮನುಷ್ಯನು ತನ್ನ ಶಕ್ತಿಯ ಅಳತೆಯನ್ನು ಅರಿತುಕೊಳ್ಳುತ್ತಾನೆ. ಆದರೂ ಹಳ್ಳಿಯಲ್ಲಿ ಮಣ್ಣು ಕಲಸಿ, ನೆರೆಯವರ ಕೈ ಕೂಡಿಸಿ ಮನೆ ಎಬ್ಬಿಸಿದವನ ಕಷ್ಟವು ಒಂದೆರಡು ಸುಗ್ಗಿಗಳಲ್ಲಿ ತೀರುತ್ತಿತ್ತು. ಈಗಲಾದರೋ ಬ್ಯಾಂಕಿನ ಸಾಲದಿಂದ ಮನೆ ಕೊಂಡವನ ಭಾರವು ಇಪ್ಪತ್ತು ಮೂವತ್ತು ವರ್ಷ ಅವನ ಹೆಗಲ ಮೇಲೆ ಕೂತಿರುತ್ತದೆ. ಆದಕಾರಣ ಮನೆಸಾಲದ ನಿಜವಾದ ಬೆಲೆ ಏನು, ಅದನ್ನು ತೆರುವವರು ಯಾರು ಎಂಬದನ್ನು ಈ ತಿಂಗಳು ವಿಚಾರಿಸೋಣ.

ಪಟ್ಟಣದ ಮನೆಸಾಲದ ಗೊಡವೆ ಹಳ್ಳಿಯ ಸಭೆಗಳಿಗೆ ಯಾಕೆ ಎಂದು ಕೆಲವರು ಕೇಳಬಹುದು. ಅದಕ್ಕೆ ಉತ್ತರವು ಯಶವಂತಪುರದ ರೈಲು ನಿಲ್ದಾಣದಲ್ಲಿ ಸಿಕ್ಕುತ್ತದೆ. ತುಮಕೂರು ಸೀಮೆಯಿಂದ ಬರುವ ಬಂಡಿಗಳು ಬೆಳಿಗ್ಗೆ ಅಲ್ಲಿ ಇಳಿಸುವ ಜನರಲ್ಲಿ ನಮ್ಮ ಹಳ್ಳಿಗಳ ಮಕ್ಕಳೂ ಇದ್ದಾರೆ. ಕೆಲವರು ಮಾರುಕಟ್ಟೆಯ ಯಾರ್ಡಿಗೆ ಹೋಗುತ್ತಾರೆ. ಕೆಲವರು ಪೀಣ್ಯದ ಕಾರ್ಖಾನೆಗಳಿಗೆ ಹೋಗುತ್ತಾರೆ. 2014ನೆಯ ಇಸವಿಯ ಮಾರ್ಚ್ ತಿಂಗಳಲ್ಲಿ ಮೆಟ್ರೋ ರೈಲು ಯಶವಂತಪುರದ ಮಾರ್ಗವಾಗಿ ಪೀಣ್ಯಕ್ಕೆ ಓಡತೊಡಗಿತು. ಆ ದಾರಿಯ ಇಕ್ಕೆಲಗಳಲ್ಲಿ ಅಂತಸ್ತಿನ ಮೇಲೆ ಅಂತಸ್ತಾಗಿ ಫ್ಲಾಟುಗಳು ಎದ್ದು ನಿಂತಿವೆ. ಹತ್ತು ವರ್ಷ ಬಾಡಿಗೆ ಕೊಟ್ಟು ಬೇಸತ್ತ ಮಗನು ಅಂಥ ಒಂದು ಫ್ಲಾಟನ್ನು ನೋಡಿ, ಮುಂಗಡದ ಹಣಕ್ಕೆ ಊರ ಹೊಲವನ್ನು ಮಾರೋಣ, ಸಾಲದ ಪತ್ರಕ್ಕೆ ನೀವೂ ಸಹಿ ಹಾಕಿರಿ ಎಂದು ತಂದೆತಾಯಿಗಳನ್ನು ಕೇಳುತ್ತಾನೆ. ಹೀಗಿರಲಾಗಿ ಪಟ್ಟಣದ ಸಾಲವು ಹಳ್ಳಿಯ ಅಂಗಳಕ್ಕೆ ಬಂದು ನಿಂತಿತಲ್ಲವೇ?

ಸಾಲ ಮಾಡುವದೇ ಪಾಪವೋ ಎಂಬದು ಮೊದಲನೆಯ ಪ್ರಶ್ನೆ. ಹಾಗೆ ಹೇಳುವದಕ್ಕೆ ನಮಗೆ ಆಧಾರವಿಲ್ಲ. ಬಡವನಾದ ಸಹೋದರನಿಂದ ಬಡ್ಡಿ ತೆಗೆದುಕೊಳ್ಳಬಾರದೆಂದು ಮೋಶೆಯ ಧರ್ಮಶಾಸ್ತ್ರವು ವಿಧಿಸಿತು. ನೆಹೆಮೀಯನ ಕಾಲದಲ್ಲಿ ಬರಗಾಲದ ದವಸಕ್ಕಾಗಿ ಜನರು ಹೊಲಗಳನ್ನೂ ದ್ರಾಕ್ಷೇತೋಟಗಳನ್ನೂ ಮನೆಗಳನ್ನೂ ಒತ್ತೆ ಇಟ್ಟು, ಕಡೆಗೆ ಮಕ್ಕಳನ್ನೂ ದಾಸತ್ವಕ್ಕೆ ಒಪ್ಪಿಸಿದಾಗ, ಅವನು ಶ್ರೀಮಂತರನ್ನು ಸಭೆ ಸೇರಿಸಿ ಗದರಿಸಿದ ಸಂಗತಿಯನ್ನು ಅವನ ಗ್ರಂಥದ ಐದನೆಯ ಅಧ್ಯಾಯದಲ್ಲಿ ಓದುತ್ತೇವೆ. ಆದರೆ ನಮ್ಮ ಕರ್ತನು ತಲಾಂತುಗಳ ಸಾಮ್ಯದಲ್ಲಿ ಬಡ್ಡಿಯ ಮಾತನ್ನು ಎತ್ತಿದಾಗ ಆ ವ್ಯಾಪಾರವನ್ನು ಖಂಡಿಸಲಿಲ್ಲ. ಸಭಾಸುಧಾರಕನಾದ ಕಾಲ್ವಿನನು ಮಿತವಾದ ಬಡ್ಡಿಯನ್ನು ಒಪ್ಪಿದನು; ಬಡವನ ಸಂಕಟವನ್ನು ಲಾಭಕ್ಕೆ ತಿರುಗಿಸುವದನ್ನು ಮಾತ್ರ ಒಪ್ಪಲಿಲ್ಲ.

ನಮ್ಮ ನಾಡಿನ ಚರಿತ್ರೆಯೂ ಇದನ್ನೇ ತೋರಿಸುತ್ತದೆ. 1905ರಲ್ಲಿ ಗದಗಿನ ಸಮೀಪದ ಕಣಗಿನಹಾಳದಲ್ಲಿ ಸಿದ್ದನಗೌಡ ಸಣ್ಣರಾಮನಗೌಡ ಪಾಟೀಲರು ಸಹಕಾರಿ ಸಂಘವನ್ನು ಕಟ್ಟಿದರು. 1929ರಲ್ಲಿ ಮೈಸೂರು ಸಂಸ್ಥಾನದಲ್ಲಿ ಭೂ ಅಡಮಾನ ಬ್ಯಾಂಕು ಹುಟ್ಟಿತು. ಸಾಹುಕಾರನ ಚಕ್ರಬಡ್ಡಿಯಿಂದ ರೈತನನ್ನು ಬಿಡಿಸುವದಕ್ಕೆ ದೀರ್ಘಾವಧಿಯ ಒತ್ತೆಸಾಲವೇ ಒಂದು ಉಪಾಯವಾಯಿತು. ಆದದರಿಂದ ಒತ್ತೆಯು ಕತ್ತಿಯ ಹಾಗೆ ಇದೆ. ಕಳೆ ಕೊಯ್ಯುವದಕ್ಕೂ ಬರುತ್ತದೆ, ಕೈ ಕೊಯ್ಯುವದಕ್ಕೂ ಬರುತ್ತದೆ. ಲೆಕ್ಕವಿಲ್ಲದೆ ಅದನ್ನು ಹಿಡಿಯುವದೇ ದೋಷ. ಗೋಪುರ ಕಟ್ಟಬೇಕೆಂದಿರುವವನು ಮೊದಲು ಕೂತುಕೊಂಡು ಖರ್ಚನ್ನು ಎಣಿಸುವನೆಂದು ಲೂಕನ ಸುವಾರ್ತೆಯ ಹದಿನಾಲ್ಕನೆಯ ಅಧ್ಯಾಯದಲ್ಲಿ ಕರ್ತನು ತಾನೇ ಬೋಧಿಸಿದನು.

ನಾವೂ ಕೂತು ಎಣಿಸೋಣ. ಒಬ್ಬನು 20 ಲಕ್ಷ ರೂಪಾಯಿಗಳನ್ನು ವರ್ಷಕ್ಕೆ ನೂರಕ್ಕೆ 9ರ ಬಡ್ಡಿಯಂತೆ 20 ವರ್ಷಗಳ ಅವಧಿಗೆ ಸಾಲ ತಂದನೆಂದು ಇಟ್ಟುಕೊಳ್ಳಿರಿ. ಅವನು ತಿಂಗಳಿಗೆ ಕಟ್ಟತಕ್ಕ ಕಂತು, ಅಂದರೆ ಜನರು ಇ.ಎಂ.ಐ. ಎನ್ನುವ ಹಣವು, ಸುಮಾರು 17,995 ರೂಪಾಯಿ. 240 ಕಂತುಗಳನ್ನು ಕೂಡಿಸಿದರೆ ಸುಮಾರು 43 ಲಕ್ಷ 19 ಸಾವಿರ ರೂಪಾಯಿ ಆಗುತ್ತದೆ. ಅಸಲು ಇಪ್ಪತ್ತು ಲಕ್ಷ. ಬಡ್ಡಿಯು ಅಸಲಿಗಿಂತಲೂ ಹೆಚ್ಚು.

ಇನ್ನೊಂದು ಸಂಗತಿಯನ್ನು ಗಮನಿಸಿರಿ. ಮೊದಲನೆಯ ತಿಂಗಳಿನ ಕಂತಿನಲ್ಲಿ 15,000 ರೂಪಾಯಿ ಬಡ್ಡಿಗೇ ಸಲ್ಲುತ್ತದೆ. ಅಸಲಿಗೆ ಸಲ್ಲುವದು ಸುಮಾರು 2,995 ರೂಪಾಯಿ ಮಾತ್ರ. ಯಾಕಂದರೆ ಉಳಿದಿರುವ ಅಸಲಿನ ಮೇಲೆ ತಿಂಗಳು ತಿಂಗಳಿಗೆ ಬಡ್ಡಿಯನ್ನು ಎಣಿಸುತ್ತಾರೆ. ಆರಂಭದಲ್ಲಿ ಅಸಲು ದೊಡ್ಡದಾಗಿರುವದರಿಂದ ಬಡ್ಡಿಯೂ ದೊಡ್ಡದು. ಹತ್ತು ವರ್ಷ ತಪ್ಪದೆ ಕಟ್ಟಿ, ಸುಮಾರು 21 ಲಕ್ಷ 59 ಸಾವಿರ ರೂಪಾಯಿ ತೆತ್ತ ಮೇಲೂ, ಇನ್ನೂ 14 ಲಕ್ಷ 20 ಸಾವಿರದಷ್ಟು ಸಾಲ ಉಳಿದಿರುತ್ತದೆ. ಅರ್ಧ ದಾರಿ ನಡೆದವನು ಅರ್ಧ ಸಾಲ ತೀರಿತೆಂದು ನೆನಸಿದರೆ ಮೋಸ ಹೋಗುವನು.

ಕಂತು ಭಾರವೆಂದು ಅವಧಿಯನ್ನು 30 ವರ್ಷಕ್ಕೆ ಏರಿಸಿದರೋ, ತಿಂಗಳ ಕಂತು 1,900 ರೂಪಾಯಿಯಷ್ಟು ಇಳಿಯುತ್ತದೆ. ಆದರೆ ಒಟ್ಟು ತೆರುವ ಹಣವು 57 ಲಕ್ಷ 93 ಸಾವಿರದ ವರೆಗೆ ಏರುತ್ತದೆ. 15 ವರ್ಷಕ್ಕೆ ಇಳಿಸಿದರೆ ತಿಂಗಳಿಗೆ ಸುಮಾರು 2,290 ರೂಪಾಯಿ ಹೆಚ್ಚಾಗಿ ಕಟ್ಟಬೇಕು. ಆದರೆ ಒಟ್ಟು ಹಣವು 36 ಲಕ್ಷ 51 ಸಾವಿರದಲ್ಲಿ ನಿಲ್ಲುತ್ತದೆ. ಕಂತು ಎಷ್ಟು ಎಂದು ಕೇಳುವವರು ಬಹು ಮಂದಿ. ಒಟ್ಟು ಎಷ್ಟು ಎಂದು ಕೇಳುವವರು ಸ್ವಲ್ಪ ಮಂದಿ. ಚಿಕ್ಕ ಕಂತು ಕಣ್ಣಿಗೆ ಹಿತವಾಗಿದ್ದು ಆಯುಷ್ಯವನ್ನು ತಿನ್ನುತ್ತದೆ.

ಅದಲ್ಲದೆ ಈ ಬಡ್ಡಿಯು ಒಂದೇ ಸಮನಾಗಿ ನಿಲ್ಲುವದಲ್ಲ. ಹೆಚ್ಚಿನ ಮನೆಸಾಲಗಳ ದರವು ರಿಸರ್ವ್ ಬ್ಯಾಂಕಿನ ರೆಪೋ ದರವು ಏರಿದಾಗ ಏರಿ, ಇಳಿದಾಗ ಇಳಿಯುತ್ತದೆ. 2022ರ ಮೇ ತಿಂಗಳ ಆರಂಭದಲ್ಲಿ ನೂರಕ್ಕೆ 4 ಇದ್ದ ಆ ದರವು 2023ರ ಫೆಬ್ರವರಿಯೊಳಗೆ 6.5 ಆಯಿತು; 2025ರಲ್ಲಿ ಮತ್ತೆ ಇಳಿಯತೊಡಗಿತು. ನೂರಕ್ಕೆ 7ರಂತೆ 20 ಲಕ್ಷ ಹೊಸದಾಗಿ ಸಾಲ ತಂದವನ ಇಪ್ಪತ್ತು ವರ್ಷದ ಕಂತು 15,506 ರೂಪಾಯಿ. ಬಡ್ಡಿಯು ಎರಡೂವರೆ ಏರಿ ಒಂಬತ್ತೂವರೆ ಆದರೆ, ಆ ತಿಂಗಳ ಬಡ್ಡಿಯೇ 15,833 ರೂಪಾಯಿ. ಅಂದರೆ ಕಂತು ಕಟ್ಟಿದ ಮೇಲೂ ಸಾಲವು ಇಳಿಯದೆ ಬೆಳೆಯುತ್ತದೆ! ಇಂಥಾದ್ದು ಸಾಲಗಾರನಿಗೆ ತಿಳಿಯದೆ ನಡೆಯಬಾರದೆಂದೇ ರಿಸರ್ವ್ ಬ್ಯಾಂಕು 2023ರ ಆಗಸ್ಟಿನಲ್ಲಿ ಒಂದು ಆಜ್ಞೆಯನ್ನು ಹೊರಡಿಸಿತು. ದರ ಬದಲಾದಾಗ ಅವನಿಗೆ ತಿಳಿಸಿ, ಕಂತನ್ನು ಏರಿಸುವದೋ ಅವಧಿಯನ್ನು ಉದ್ದ ಮಾಡುವದೋ ಎಂದು ಅವನನ್ನೇ ಕೇಳಬೇಕಾಗಿದೆ.

ಇಲ್ಲಿ ಎದುರುವಾದವನ್ನೂ ನ್ಯಾಯವಾಗಿ ಕೇಳತಕ್ಕದ್ದು. ಬಾಡಿಗೆಯ ಹಣವೂ ಹೋದ ಹಣವೇ, ಅದು ವರ್ಷ ವರ್ಷಕ್ಕೆ ಏರುತ್ತದೆ ಎಂದು ಕೆಲವರು ಹೇಳುತ್ತಾರೆ. ಇಂದಿನ ಹದಿನೆಂಟು ಸಾವಿರವು ಇಪ್ಪತ್ತನೆಯ ವರ್ಷದಲ್ಲಿ ಇಷ್ಟು ಭಾರವಾಗಿ ತೋರದು, ಸಂಬಳವೂ ಬೆಳೆಯುವದು, ಮನೆಯ ಬೆಲೆಯೂ ಏರಬಹುದು ಎನ್ನುತ್ತಾರೆ. ಇದರಲ್ಲಿ ಸತ್ಯವುಂಟು. ಮಾಲೀಕನು ಬಿಡಿಸುವನೆಂಬ ಭಯವಿಲ್ಲದೆ ಮಕ್ಕಳನ್ನು ಒಂದೇ ಶಾಲೆಗೆ ಕಳುಹಿಸುವ ಸಮಾಧಾನವೂ ಚಿಕ್ಕದಲ್ಲ. ಆದರೆ ಸ್ವಂತ ಮನೆಗೂ ತೆರಿಗೆಯುಂಟು, ದುರಸ್ತಿಯುಂಟು. ಫ್ಲಾಟಿಗೆ ತಿಂಗಳ ನಿರ್ವಹಣೆಯ ಹಣವುಂಟು. ಕೊಳ್ಳುವಾಗ ಮುದ್ರಾಂಕ ಶುಲ್ಕವೂ ನೋಂದಣಿಯ ಶುಲ್ಕವೂ ಉಂಟು. ಸಂಬಳ ಬೆಳೆಯುವದೆಂಬದು ನಿರೀಕ್ಷೆ. ಕಂತು ಕಟ್ಟಬೇಕೆಂಬದು ಬರೆದು ಕೊಟ್ಟ ಮಾತು. ನಿರೀಕ್ಷೆಯ ಮೇಲೆ ಮಾತು ಕೊಡುವಾಗ ಎಚ್ಚರ ಬೇಕು.

ಈಗ ನಾವು ಪ್ರಶ್ನೆಯ ಗರ್ಭಕ್ಕೆ ಬಂದೆವು. ಮನೆಸಾಲದಲ್ಲಿ ಮನುಷ್ಯನು ಒತ್ತೆ ಇಡುವದು ಮನೆಯನ್ನೋ? ಆ ಮನೆಯು ಸಾಲ ತರುವದಕ್ಕಿಂತ ಮುಂಚೆ ಅವನದಾಗಿರಲೇ ಇಲ್ಲ. ಅವನು ನಿಜವಾಗಿ ಒತ್ತೆ ಇಡುವದು ಮುಂಬರುವ ತನ್ನ ಇಪ್ಪತ್ತು ವರ್ಷಗಳ ದುಡಿಮೆಯನ್ನು. ನಾಳೆ ಇಂಥ ಪಟ್ಟಣಕ್ಕೆ ಹೋಗಿ ಲಾಭ ಸಂಪಾದಿಸುವೆವೆಂದು ನಿಶ್ಚಯವಾಗಿ ಹೇಳಿಕೊಳ್ಳುವವರನ್ನು ಯಾಕೋಬನು ತನ್ನ ಪತ್ರದಲ್ಲಿ ಎಚ್ಚರಿಸುತ್ತಾನೆ. ನಮ್ಮ ಜೀವಮಾನವು ಹಬೆಯಂತೆ ಎಂದು ನೆನಪು ಮಾಡುತ್ತಾನೆ. ಕೈಯಲ್ಲಿಲ್ಲದ ನಾಳೆಯನ್ನು ಬರೆದು ಕೊಡುವವನು ನಾಳೆಯ ಒಡೆಯನನ್ನು ಮರೆಯಬಾರದು.

ಸಾಲಗಾರನು ಸಾಲಕೊಟ್ಟವನ ಸೇವಕನೆಂಬ ಜ್ಞಾನೋಕ್ತಿಯ ಬುದ್ಧಿವಾದವನ್ನು ಕಂತಿನ ದಿವಸ ಬಂದಾಗಲೆಲ್ಲಾ ಗೃಹಸ್ಥನು ಅನುಭವಿಸುತ್ತಾನೆ. ಮೇಲಧಿಕಾರಿಯು ಸುಳ್ಳು ಲೆಕ್ಕ ಬರೆಯೆಂದರೆ, ಕೆಲಸ ಬಿಟ್ಟೇನು ಎನ್ನುವ ಧೈರ್ಯ ಅವನಲ್ಲಿ ಉಳಿದೀತೇ? ಕರ್ತನ ದಿನದಲ್ಲಿ ಹೆಚ್ಚು ಕೂಲಿಯ ಪಾಳಿ ಸಿಕ್ಕಿದರೆ ಅವನು ಆರಾಧನೆಗೆ ಬಂದಾನೇ? ವಿಧವೆಯಾದ ಅಕ್ಕನು ಕೈ ಚಾಚಿದಾಗ, ಹಳ್ಳಿಯಲ್ಲಿ ತಾಯಿ ಹಾಸಿಗೆ ಹಿಡಿದಾಗ, ಅವನ ಕೈ ಬರಿದಾಗಿರುವದು. ಯಾವ ಬ್ಯಾಂಕಿನ ಪತ್ರದಲ್ಲಿಯೂ ಕಾಣದ ಬಡ್ಡಿ ಇದೇ. ಹಣದ ಬಡ್ಡಿಯನ್ನು ಅವನೊಬ್ಬನೇ ಕಟ್ಟಬಹುದು. ಈ ಬಡ್ಡಿಯನ್ನು ಅವನ ಹೆಂಡತಿಯೂ ಮಕ್ಕಳೂ ತಂದೆತಾಯಿಗಳೂ ಸಭೆಯೂ ಕೂಡಿ ಕಟ್ಟುತ್ತಾರೆ.

ತಂದೆತಾಯಿಗಳ ಸಹಿಯ ವಿಷಯದಲ್ಲಿಯೂ ಒಂದು ಮಾತು. ಸಹಸಾಲಗಾರರಾಗಿ ಸಹಿ ಹಾಕಿದವರು ಬರೀ ಸಾಕ್ಷಿಗಳಲ್ಲ. ಪೂರ್ತಿ ಸಾಲಕ್ಕೂ ಅವರು ಹೊಣೆ. ಕಂತು ತೊಂಬತ್ತು ದಿವಸಕ್ಕಿಂತ ಹೆಚ್ಚು ಬಾಕಿ ಬಿದ್ದರೆ ಸಾಲವನ್ನು ಕೆಟ್ಟ ಸಾಲವೆಂದು ಎಣಿಸುತ್ತಾರೆ. ಆ ಮೇಲೆ 2002ರ ಸರ್ಫೇಸಿ ಕಾಯಿದೆಯ ಪ್ರಕಾರ ಅರವತ್ತು ದಿವಸಗಳ ನೋಟೀಸು ಕೊಟ್ಟು, ಸಿವಿಲ್ ಕೋರ್ಟಿನಲ್ಲಿ ದಾವೆ ಹೂಡದೆಯೇ, ಒತ್ತೆಯ ಮನೆಯನ್ನು ವಶಮಾಡಿಕೊಳ್ಳುವ ಅಧಿಕಾರ ಬ್ಯಾಂಕಿಗೆ ಉಂಟು. ಹಾಗಾದರೆ ಸಹಿ ಹಾಕಲೇ ಬಾರದೋ? ಹಾಗಲ್ಲ. ಮಗನ ಭಾರವನ್ನು ಹೊರುವದು ಪ್ರೀತಿಯ ಕಾರ್ಯ. ಆದರೆ ಭಾರದ ತೂಕವನ್ನು ತಿಳಿದು ಹೊರತಕ್ಕದ್ದು. ತಿಳಿಯದೆ ಹಾಕಿದ ಸಹಿಯನ್ನು ಪ್ರೀತಿಯೆನ್ನಲಾಗದು, ಅದು ದಾಕ್ಷಿಣ್ಯ. ಮಗನೂ ತಂದೆಯ ದಾಕ್ಷಿಣ್ಯವನ್ನು ಒಪ್ಪಿಗೆಯೆಂದು ಎಣಿಸಿದರೆ ತಪ್ಪು ಮಾಡುತ್ತಾನೆ.

ಹೊಲವನ್ನು ಮಾರುವ ಮುಂಚೆ ಯಾಜಕಕಾಂಡದ ಇಪ್ಪತ್ತೈದನೆಯ ಅಧ್ಯಾಯವನ್ನು ಕುಟುಂಬದವರೆಲ್ಲರೂ ಕೂಡಿ ಓದುವದು ಒಳ್ಳೆಯದು. ಪೌಳಿಗೋಡೆಯುಳ್ಳ ಪಟ್ಟಣದ ಮನೆಯನ್ನು ಮಾರಿದವನು ಒಂದು ವರ್ಷದೊಳಗೆ ಬಿಡಿಸಿಕೊಳ್ಳದೆ ಹೋದರೆ ಅದು ಕೊಂಡವನಿಗೇ ನಿಲ್ಲುತ್ತಿತ್ತು. ಆದರೆ ಗೋಡೆಯಿಲ್ಲದ ಹಳ್ಳಿಯ ಮನೆಯು ಹೊಲದ ಹಾಗೆ ಎಣಿಸಲ್ಪಟ್ಟು ಜೂಬಿಲಿಯ ವರ್ಷದಲ್ಲಿ ಹಿಂದಕ್ಕೆ ಬರುತ್ತಿತ್ತು. ಅನ್ನ ಕೊಡುವ ಭೂಮಿಯನ್ನೂ ಅದರೊಂದಿಗೆ ಸೇರಿದ ವಾಸವನ್ನೂ ಪಟ್ಟಣದ ಆಸ್ತಿಯ ಹಾಗೆ ಎಣಿಸಲಾಗದೆಂಬ ಭೇದವು ಆ ವಿಧಿಯಲ್ಲಿದೆ. ನಮಗೆ ಜೂಬಿಲಿಯ ವರ್ಷವಿಲ್ಲ. ಮಾರಿದ ಹೊಲವು ತಾನಾಗಿ ಹಿಂದಕ್ಕೆ ಬಾರದು. ಆದದರಿಂದ ಅದನ್ನು ಮಾರುವವರು ಇಮ್ಮಡಿಯಾಗಿ ಯೋಚಿಸಲಿ.

ಹಾಗಾದರೆ ಮಾಡತಕ್ಕದ್ದೇನು? ಮನೆ ಬೇಕಾದವನು ಮೊದಲು ಕೆಲವು ವರ್ಷ ಕೂಡಿಸಿ ಮುಂಗಡವನ್ನು ದೊಡ್ಡದು ಮಾಡಿಕೊಳ್ಳಲಿ. ಕಂತು ಕಟ್ಟಿದ ಮೇಲೆ ಊಟಕ್ಕೂ ಶಾಲೆಗೂ ರೋಗಕ್ಕೂ ಕಾಣಿಕೆಗೂ ಉಳಿಯುವಷ್ಟೇ ಸಾಲವನ್ನು ತರಲಿ. ಹಾಸಿಗೆ ಇದ್ದಷ್ಟು ಕಾಲು ಚಾಚಲಿ. 2024ರ ಅಕ್ಟೋಬರ್ 1ರಿಂದ ಹೊಸ ಸಾಲಗಳಿಗೆ ಮುಖ್ಯ ಸಂಗತಿಗಳ ಪತ್ರವನ್ನು ಸಾಲಗಾರನಿಗೆ ತಿಳಿಯುವ ಭಾಷೆಯಲ್ಲಿ ಕೊಡಬೇಕೆಂದು ರಿಸರ್ವ್ ಬ್ಯಾಂಕು ವಿಧಿಸಿದೆ. ಅದನ್ನು ಕನ್ನಡದಲ್ಲಿ ಕೇಳಿ, ಮನೆಗೆ ತಂದು, ಎಲ್ಲರ ಮುಂದೆ ಓದಿದ ಮೇಲೆಯೇ ಸಹಿ ಹಾಕಲಿ. ಬದಲಾಗುವ ದರದ ಮನೆಸಾಲವನ್ನು ಅವಧಿಗೆ ಮುಂಚೆ ತೀರಿಸುವ ವ್ಯಕ್ತಿಗಳ ಮೇಲೆ ಬ್ಯಾಂಕುಗಳು ದಂಡ ಹಾಕಬಾರದೆಂದು 2012ರಲ್ಲಿಯೇ ಆಜ್ಞೆಯಾಗಿದೆ. ಮೇಲಿನ ಲೆಕ್ಕದ ಇಪ್ಪತ್ತು ವರ್ಷದ ಸಾಲದಲ್ಲಿ ವರ್ಷಕ್ಕೆ ಒಂದು ಕಂತನ್ನು ಹೆಚ್ಚಾಗಿ ಕಟ್ಟಿದವನು ಸುಮಾರು ಮೂರೂವರೆ ವರ್ಷ ಮುಂಚೆ ಬಿಡುಗಡೆ ಹೊಂದುವನು. ದುಡಿಯುವವನು ತೀರಿಕೊಂಡರೆ ಸಾಲವು ವಿಧವೆಯ ಮೇಲೆ ಬೀಳದಂತೆ ಜೀವವಿಮೆಯನ್ನು ಮಾಡಿಡುವದೂ ಅವನ ಕರ್ತವ್ಯ. ಸಾಲ ತೀರಿದ ಮೇಲೆ ಮೂಲ ಪತ್ರಗಳು ಮೂವತ್ತು ದಿವಸದೊಳಗೆ ಕೈಸೇರಬೇಕೆಂಬ ನಿಯಮವು 2023ರ ಡಿಸೆಂಬರಿನಿಂದ ಜಾರಿಯಲ್ಲಿದೆ. ಅವುಗಳನ್ನು ಕೇಳಿ ಪಡೆಯಲಿ.

ಸಭೆಗೂ ಇದರಲ್ಲಿ ಪಾಲುಂಟು. ಯಾರ ಮಗನಿಗೆ ಪಟ್ಟಣದಲ್ಲಿ ಮನೆಯಾಯಿತೋ ಅವನನ್ನು ಮುಂದಿನ ಬೆಂಚಿಗೆ ಕರೆದು, ಬಾಡಿಗೆಯವನನ್ನು ಹಿಂದೆ ಕೂಡಿಸುವ ಅಭ್ಯಾಸವು ನಮ್ಮಲ್ಲಿರುವ ವರೆಗೆ, ನಮ್ಮ ಹುಡುಗರು ಮಾನಕ್ಕಾಗಿ ಸಾಲ ಮಾಡುತ್ತಲೇ ಇರುವರು. ಗೃಹಪ್ರತಿಷ್ಠೆಯ ಪ್ರಾರ್ಥನೆಗೆ ದೊಡ್ಡ ಔತಣವನ್ನು ನಿರೀಕ್ಷಿಸುವವರು ಸಾಲದ ಮೇಲೆ ಸಾಲವನ್ನು ಹೊರಿಸುತ್ತಾರೆ. ಲೆಕ್ಕ ಬಲ್ಲ ಒಬ್ಬ ಸಹೋದರನು ಸಹಿಗೆ ಮುಂಚೆ ಪತ್ರವನ್ನು ಓದಿ ಹೇಳಿದರೆ, ಅದು ಒಂದು ಪ್ರಸಂಗಕ್ಕೆ ಕಡಿಮೆಯಾದ ಸೇವೆಯಲ್ಲ.

ತಲೆಯಿಡುವದಕ್ಕೂ ಸ್ಥಳವಿಲ್ಲದವನಾಗಿ ಲೋಕದಲ್ಲಿ ನಡೆದಾಡಿದ ಕರ್ತನು, ಮನೆಯನ್ನು ಬಯಸುವ ತನ್ನ ಜನರನ್ನು ತಿರಸ್ಕರಿಸುವದಿಲ್ಲ. ಮನೆಯ ಬಾಗಿಲನ್ನು ತೆರೆಯುವದಕ್ಕಾಗಿ ಮನಸ್ಸಾಕ್ಷಿಯ ಬಾಗಿಲನ್ನು ಮುಚ್ಚಿಕೊಳ್ಳದ ವಿವೇಕವನ್ನು ಆತನು ನಮಗೂ ನಮ್ಮ ಮಕ್ಕಳಿಗೂ ಅನುಗ್ರಹಿಸಲಿ.