ಇಂದಿನ ಧಮ್ಮ ಚಿಂತನೆ: ನಸುಕಿನ ಐದರ ಮೈಕು



ತಿಕೋಟಾ ಕಡೆಯ ಉಪಾಸಕರೊಬ್ಬರು ಕೇಳಿದರು: "ಸರ್, ಎಲ್ಲಾರ ಮೈಕೂ ನಸಕಿನ್ಯಾಗ ಒದರ್ತಾವ. ನಾವು ಐದಕ್ಕ ತ್ರಿಸರಣ ಹಚ್ಚಿದ್ರ ತಪ್ಪೇನ್ರಿ?"

2000ದ ಶಬ್ದಮಾಲಿನ್ಯ ನಿಯಮದಂತೆ ರಾತ್ರಿ 10ರಿಂದ ಬೆಳಗಿನ 6ರವರೆಗೆ ಬಯಲಲ್ಲಿ ಮೈಕು ಹಚ್ಚುವಂತಿಲ್ಲ. ಹಗಲಿಗೂ ಲಿಖಿತ ಅನುಮತಿ ಬೇಕು. ವಸತಿ ಪ್ರದೇಶದ ಹಗಲಿನ ಮಿತಿ 55 ಡೆಸಿಬಲ್. ಗುಡಿ, ಮಸೀದಿ, ವಿಹಾರ ಎಂಬ ಭೇದ ಅದರಲ್ಲಿಲ್ಲ.

ಒಳ್ಳೆಯ ಮಾತಿಗೆ ಭಗವಾನರು ಐದು ಗುಣ ಹೇಳಿದ್ದಾರೆ: ಸಕಾಲ, ಸತ್ಯ, ಮೃದುತನ, ಹಿತ, ಮೈತ್ರಿ. ತ್ರಿಸರಣ ಸತ್ಯವೇ, ಹಿತವೇ. ಸಕಾಲವೇ? ಪರಳದ ಚಾಳಿನ ಒಂದೇ ಖೋಲಿಯಲ್ಲಿ ಬಾಲಕ ಭೀಮರಾವ್ ರಾತ್ರಿ ಎರಡಕ್ಕೆದ್ದು ಓದುತ್ತಿದ್ದರು. ಮನೆಮಂದಿ ಮಲಗಿದ ಆ ನಿಶ್ಶಬ್ದವೇ ಅವರ ಓದಿನ ಕೋಣೆ. ನಮ್ಮ ಕೇರಿಯಲ್ಲೂ ಎಸ್ಸೆಸ್ಸೆಲ್ಸಿ ಮಕ್ಕಳಿಗೆ ಬೇರೆ ಕೋಣೆ ಎಲ್ಲಿದೆ? ಏಪ್ರಿಲ್ 14ರ ಡಿಜೆಗೂ ಇದೇ ಮಾತು. (ಹುಡುಗರಿಗೆ ಸಿಟ್ಟು ಬರಬಹುದು, ಬರಲಿ.)

ಮೊದಲು ನಮ್ಮ ವಿಹಾರದ ಮೈಕು ಇಳಿಸೋಣ. ಆಮೇಲೆ ಉಳಿದವರದ್ದಕ್ಕೆ ಪೊಲೀಸ್ ಠಾಣೆಗೆ ದೂರು ಕೊಡೋಣ, ತುರ್ತಿದ್ದರೆ 112. ಅಂಜಬೇಡಿ, ಅರ್ಜಿ ನಾನೇ ಬರೆದುಕೊಡುತ್ತೇನೆ.

ಭವತು ಸಬ್ಬ ಮಂಗಲಂ.