ಪ್ರೇಮವು ಕೂಲಿಯೆ?

ಕಥೆಯನ್ನು ಕೇಳಿ ಮುಗಿಸಿದ ಮಗು "ಕೊನೆಗೆ ಅವರಿಬ್ಬರಿಗೂ ಮದುವೆಯಾಯಿತೆ?" ಎಂದು ಕೇಳುತ್ತದೆ. ಕಾವ್ಯಶಾಸ್ತ್ರವನ್ನು ಅರೆದು ಕುಡಿದ ಪಂಡಿತನೂ ಬಾಯಿಬಿಟ್ಟು ಕೇಳದಿದ್ದರೂ ಮನಸ್ಸಿನಲ್ಲಿ ಇದನ್ನೇ ಕೇಳಿಕೊಳ್ಳುತ್ತಾನೆ. ಸಾಮಾನ್ಯವಾದ ಕಥೆಗಳಲ್ಲಿ ಇದಕ್ಕೆ ಉತ್ತರ ಸುಲಭ. ಶತ್ರು ಸೋತ, ನಾಯಕ ಗೆದ್ದ, ಮಂಟಪ ಸಿದ್ಧವಾಯಿತು. ಆದರೆ ಬೇರೊಂದು ಜಾತಿಯ ಕಥೆಗಳುಂಟು. ಅವುಗಳಲ್ಲಿ ರಣರಂಗವು ಹೊರಗಿಲ್ಲ. ನಾಯಕನ ಚಿತ್ತವೇ ರಣರಂಗ. ಭಯ, ಸಂದೇಹ, ಪಶ್ಚಾತ್ತಾಪ, ಪ್ರತೀಕಾರದ ಆಸೆ ಇವೇ ಅಲ್ಲಿನ ಸೈನ್ಯ. ಅಂಥ ಕಥೆಯ ನಾಯಕನು ಬೆಂದು ಬಸವಳಿದು ಕೊನೆಯ ಪುಟಕ್ಕೆ ಬಂದಾಗ, ಅವನಿಗೆ ಒಬ್ಬ ಸಂಗಾತಿ ದೊರೆಯಲೇಬೇಕೆ? ಇಷ್ಟು ನೊಂದವನಿಗೆ ಪ್ರೇಮವು ಸಲ್ಲತಕ್ಕ ಕೂಲಿಯೆ? ಪ್ರಕೃತ ಲೇಖನದಲ್ಲಿ ಈ ವಿಚಾರವನ್ನು ಸ್ವಲ್ಪ ಪರಿಶೀಲಿಸೋಣ.

ಯಲಹಂಕದ ಮಗ್ಗುಲಲ್ಲಿರುವ ನಮ್ಮ ಅಟ್ಟೂರು ಹಿಂದೆ ಒಂದು ಹಳ್ಳಿ. ಈಗ ಬೆಂಗಳೂರು ಮಹಾನಗರದ ಬಡಾವಣೆಗಳಲ್ಲಿ ಒಂದು. ನಮ್ಮ ಹಿರಿಯರು ಹರಿಕಥೆಯ ನಾಯಕರ ವಿಷಯವಾಗಿ ವಾದಿಸುತ್ತಿದ್ದಂತೆಯೇ ಇಂದಿನ ತರುಣತರುಣಿಯರು ಮಾಂಗಾ ಎಂಬ ಜಪಾನಿನ ಚಿತ್ರಕಥೆಗಳ ನಾಯಕರ ವಿಷಯವಾಗಿ ವಾದಿಸುವರು. ಇವನಿಗೆ ಇವಳು ತಕ್ಕವಳೊ, ಅವಳು ತಕ್ಕವಳೊ ಎಂಬ ಆ ಚರ್ಚೆಯನ್ನು ಹುಡುಗಾಟವೆಂದು ತಳ್ಳಿಹಾಕುವುದು ಸರಿಯಲ್ಲ. ನೊಂದವನಿಗೆ ಲೋಕವು ಏನನ್ನು ಕೊಡಬೇಕು, ಯಾರ ಕೈಯಿಂದ ಕೊಡಿಸಬೇಕು ಎಂಬ ಧರ್ಮಪ್ರಶ್ನೆಯೇ ಅದರ ಹೊಟ್ಟೆಯಲ್ಲಿ ಅಡಗಿದೆ.

ಅಂಥ ಚಿತ್ರಕಥೆಗಳಲ್ಲಿ ಪ್ರಸಿದ್ಧವಾದುದೊಂದನ್ನು ತೆಗೆದುಕೊಳ್ಳೋಣ. ನವೋಕಿ ಉರಸಾವ ಎಂಬಾತನು 1994ರಿಂದ 2001ರವರೆಗೆ ಬರೆದು 18 ಸಂಪುಟಗಳಲ್ಲಿ ಮುಗಿಸಿದ 'ಮಾನ್‌ಸ್ಟರ್' ಎಂಬ ಕಥೆಯ ನಾಯಕ ಡಾಕ್ಟರ್ ತೆನ್ಮಾ. ಅವನು ಜರ್ಮನಿಯ ಆಸ್ಪತ್ರೆಯೊಂದರಲ್ಲಿ ಮೆದುಳಿನ ಶಸ್ತ್ರವೈದ್ಯ. ಆಸ್ಪತ್ರೆಯ ನಿರ್ದೇಶಕನ ಮಗಳಾದ ಈವಾ ಅವನಿಗೆ ಗೊತ್ತಾದ ವಧು. 1986ರಲ್ಲಿ ಒಂದು ರಾತ್ರಿ ಮೇಲಿನವರು ನಗರದ ಮೇಯರನ ಶಸ್ತ್ರಕ್ರಿಯೆಯನ್ನು ಮಾಡೆಂದು ಆಜ್ಞಾಪಿಸಿದರೂ, ಮೊದಲು ಬಂದವನೆಂಬ ಕಾರಣದಿಂದ ತಲೆಗೆ ಗುಂಡೇಟು ತಿಂದಿದ್ದ ಒಬ್ಬ ಬಾಲಕನನ್ನು ಅವನು ಉಳಿಸುತ್ತಾನೆ. ಮೇಯರನು ಸಾಯುತ್ತಾನೆ, ತೆನ್ಮಾನ ಪದವಿ ಹೋಗುತ್ತದೆ, ಪದವಿಯೊಡನೆ ಈವಾಳೂ ಹೋಗುತ್ತಾಳೆ. ಮುಂದೆ ನಿರ್ದೇಶಕನು ಕೊಲೆಯಾಗಿ, ತೆನ್ಮಾನಿಗೆ ಹಿರಿಯ ಪದವಿ ಬಂದಾಗ ಈವಾ ಹಿಂದಿರುಗಿ ಬರುತ್ತಾಳೆ, ಅವನು ಒಪ್ಪುವುದಿಲ್ಲ. ತಾನು ಬದುಕಿಸಿದ ಬಾಲಕನೇ ಆ ಕೊಲೆಯನ್ನು ಮಾಡಿದವನೆಂದು ಅನೇಕ ವರ್ಷಗಳ ಮೇಲೆ ತಿಳಿದು, ಅವನನ್ನು ಅರಸುತ್ತ ತೆನ್ಮಾ ದೇಶಾಂತರ ಅಲೆಯುತ್ತಾನೆ. ಆ ಬಾಲಕನ ಅವಳಿ ಸೋದರಿಯಾದ ನೀನಾ ಅದೇ ದುಃಖದಲ್ಲಿ ಅವನಿಗೆ ಜೊತೆಗಾತಿ. ಕಥೆ ಮುಗಿಯುವಾಗ ಈವಾಳ ಕೈಯನ್ನೂ ಅವನು ಹಿಡಿದಿಲ್ಲ, ನೀನಾಳ ಕೈಯನ್ನೂ ಹಿಡಿದಿಲ್ಲ. ಗಡಿಯಿಲ್ಲದ ವೈದ್ಯರೆಂಬ ಸಂಸ್ಥೆಯನ್ನು ಸೇರಿ ದೂರದೇಶದಲ್ಲಿ ರೋಗಿಗಳ ಸೇವೆಯಲ್ಲಿದ್ದಾನೆ. ಇದನ್ನು ಓದಿ ಅತೃಪ್ತರಾಗುವವರುಂಟು. ಇಷ್ಟು ಕಷ್ಟಪಟ್ಟ ಸಜ್ಜನನಿಗೆ ಒಂದು ಮನೆ, ಒಂದು ಮಡದಿ ಬೇಡವೆ ಎಂಬುದು ಅವರ ದೂರು.

ಈ ದೂರಿಗೆ ನಮ್ಮ ಪರಂಪರೆಯಲ್ಲಿಯೇ ಬೆಂಬಲವಿದೆಯೆಂದು ಯಾರಾದರೂ ವಾದಿಸಬಹುದು. ನಾಟ್ಯಶಾಸ್ತ್ರವು ಕಾರ್ಯಕ್ಕೆ ಐದು ಅವಸ್ಥೆಗಳನ್ನು ಹೇಳಿ, ಆರಂಭದಿಂದ ಹೊರಟು ಫಲಾಗಮದಲ್ಲಿ ನಿಲ್ಲಿಸುತ್ತದೆ. ಭವಭೂತಿಯಂತೂ ಭೂಮಿಯನ್ನು ಹೊಕ್ಕ ಸೀತೆಯ ಕಥೆಯನ್ನೇ ತಿದ್ದಿ, ತನ್ನ ಉತ್ತರರಾಮಚರಿತದ ಏಳನೆಯ ಅಂಕದಲ್ಲಿ ಸೀತಾರಾಮರನ್ನು ಮತ್ತೆ ಕೂಡಿಸಿದನು. ರಾಮನು ಅಷ್ಟು ಅತ್ತಿದ್ದರಿಂದಲೇ ಸೀತೆಯು ದೊರೆತಳಲ್ಲವೆ, ದುಃಖಕ್ಕೆ ಪ್ರೇಮವೇ ಪ್ರತಿಫಲವಲ್ಲವೆ ಎಂಬುದು ಪೂರ್ವಪಕ್ಷ.

ಆದರೆ ಭವಭೂತಿಯ ನಡೆಯನ್ನು ಸೂಕ್ಷ್ಮವಾಗಿ ನೋಡಬೇಕು. ಏಳನೆಯ ಅಂಕಕ್ಕೆ ಮುಂಚೆ ಮೂರನೆಯ ಅಂಕವಿದೆ. ಅಲ್ಲಿ ಸೀತೆಯು ಭಾಗೀರಥಿಯ ಅನುಗ್ರಹದಿಂದ ಅದೃಶ್ಯಳಾಗಿ, ತಾವಿಬ್ಬರೂ ಬಾಳಿದ ಅರಣ್ಯದಲ್ಲಿ ರಾಮನು ಗೋಳಿಡುವುದನ್ನು ಬಳಿಯಲ್ಲಿಯೇ ನಿಂತು ಕೇಳುತ್ತಾಳೆ. ಅವಳು ಅಲ್ಲಿದ್ದಾಳೆಂದು ರಾಮನಿಗೆ ತಿಳಿಯದು. ಆದುದರಿಂದ ಆ ಅಳುವು ಅವಳನ್ನು ಮರಳಿ ಪಡೆಯುವ ಉಪಾಯವಲ್ಲ. ಕಾರಣವಿಲ್ಲದೆ ತ್ಯಕ್ತಳಾದೆನೆಂಬ ಅವಳ ಎದೆಯ ಮುಳ್ಳು ಆ ಮಾತುಗಳನ್ನು ಕೇಳಿ ಸಡಿಲವಾಗುತ್ತದೆ. ಅಂದಮೇಲೆ ಕವಿಯು ರಾಮನ ಕಣ್ಣೀರನ್ನು ತೂಗಿ ಅದರ ಬೆಲೆಗೆ ಸೀತೆಯನ್ನು ಕೊಡಲಿಲ್ಲ. ಸೀತೆಗೆ ಕೇಳುವ ಅವಕಾಶವನ್ನೂ ಕರಗುವ ಸ್ವಾತಂತ್ರ್ಯವನ್ನೂ ಮೊದಲು ಕೊಟ್ಟನು. ಪುನರ್ಮಿಲನವು ಆಮೇಲೆ ಬಂದಿತು. ಫಲಾಗಮವೆಂಬುದು ನಾಯಕನೊಬ್ಬನ ಲೆಕ್ಕದ ಪುಸ್ತಕವಲ್ಲ. ಇಬ್ಬರ ಹೃದಯವೂ ಅಲ್ಲಿ ಸಾಕ್ಷಿ ಹೇಳಬೇಕು.

ಇನ್ನು ನಮ್ಮ ಕನ್ನಡಕ್ಕೆ ಬರೋಣ. ಮನಶ್ಶಾಸ್ತ್ರವನ್ನು ವ್ಯಾಸಂಗಮಾಡಿ, ಮನಸ್ಸಿನ ಒಳಕೋಣೆಗಳಿಗೆ ಕಾದಂಬರಿಯ ದೀಪವನ್ನು ಹಿಡಿದವರು ತ್ರಿವೇಣಿಯವರು. 1928ರಲ್ಲಿ ಹುಟ್ಟಿ 1963ರಲ್ಲಿಯೇ ತೀರಿಕೊಂಡ ಈ ಲೇಖಕಿಯ 'ಬೆಳ್ಳಿಮೋಡ'ವನ್ನು ಪುಟ್ಟಣ್ಣ ಕಣಗಾಲರು 1967ರಲ್ಲಿ ಚಲನಚಿತ್ರವಾಗಿಸಿದರು. ಇಂದಿರೆಯು ಶ್ರೀಮಂತ ಮನೆತನದ ಏಕಮಾತ್ರ ಪುತ್ರಿ. ಅವಳನ್ನು ವರಿಸಲು ಒಪ್ಪಿದ ಮೋಹನನು ಅವಳ ತಂದೆಯ ನೆರವಿನಿಂದ ವಿದೇಶಕ್ಕೆ ಓದಲು ಹೋಗುತ್ತಾನೆ. ಅಷ್ಟರಲ್ಲಿ ಆ ಮನೆಯಲ್ಲಿ ಗಂಡುಮಗು ಹುಟ್ಟಿ, ಆಸ್ತಿಗೆ ಬೇರೆ ಹಕ್ಕುದಾರನು ಬಂದಂತಾಗುತ್ತದೆ. ಹಿಂದಿರುಗಿದ ಮೋಹನನಿಗೆ ಇಂದಿರೆ ಬೇಡವಾಗುತ್ತಾಳೆ. ದೈವಯೋಗದಿಂದ ಅವನು ಬಿದ್ದು ಕಾಲು ಮುರಿದುಕೊಂಡಾಗ ಇಂದಿರೆಯೇ ಶುಶ್ರೂಷೆ ಮಾಡುತ್ತಾಳೆ. ಅವನಿಗೆ ಪಶ್ಚಾತ್ತಾಪವಾಗಿ, ಮದುವೆಯಾಗೆಂದು ಬೇಡುತ್ತಾನೆ. ಅವಳು ಒಲ್ಲೆನೆನ್ನುತ್ತಾಳೆ.

ಡಸೆಲ್‌ಡಾರ್ಫಿನ ಆಸ್ಪತ್ರೆಗೂ ಕನ್ನಡನಾಡಿನ ಈ ಮನೆಗೂ ಎಷ್ಟು ದೂರ! ಆದರೂ ಗಂಟು ಒಂದೇ. ಸಂಪತ್ತು ಸರಿದಾಗ ಪ್ರೇಮವೂ ಸರಿಯಿತು. ಅದು ಮರಳಿ ಬಂದು ಬಾಗಿಲು ತಟ್ಟಿದಾಗ ಬಾಗಿಲು ತೆರೆಯಲಿಲ್ಲ. ವ್ಯತ್ಯಾಸವೇನೆಂದರೆ, ಈವಾಳು ಬಂದದ್ದು ತೆನ್ಮಾನ ಪದವಿ ಮರಳಿದ ಮೇಲೆ. ಮೋಹನನು ಬಂದದ್ದು ತನ್ನ ತಪ್ಪನ್ನು ಅರಿತ ಮೇಲೆ. ಆದಕಾರಣ ಇಂದಿರೆಯ ನಿರಾಕರಣವು ಹೆಚ್ಚು ಕಠಿಣವಾದುದು, ಹೆಚ್ಚು ವಿಚಾರಾರ್ಹವಾದುದು. ಪಶ್ಚಾತ್ತಾಪಪಟ್ಟವನನ್ನು ದೂಡುವುದು ನಿಷ್ಕರುಣೆಯಲ್ಲವೆ ಎಂದು ಕೇಳುವವರಿಗೆ ಆ ಕಥೆಯಲ್ಲಿಯೇ ಉತ್ತರವಿದೆ. ಕರುಣೆಯು ಅವಳಲ್ಲಿ ಇರಲಿಲ್ಲವೆ? ಮುರಿದ ಕಾಲಿಗೆ ಆರೈಕೆ ಮಾಡಿದ ಕೈ ಯಾರದು? ನೊಂದವನಿಗೆ ಸಲ್ಲತಕ್ಕದ್ದು ಕರುಣೆ. ಅದನ್ನು ಅವಳು ಪೂರ್ತಿಯಾಗಿ ಸಲ್ಲಿಸಿದಳು. ತಪ್ಪನ್ನು ಒಪ್ಪಿಕೊಂಡವನಿಗೆ ಸಲ್ಲತಕ್ಕದ್ದು ಕ್ಷಮೆ. ಆದರೆ ಕ್ಷಮೆಯು ಬೇರೆ, ಪಾಣಿಗ್ರಹಣವು ಬೇರೆ. ಸಾಲವನ್ನು ಮನ್ನಾ ಮಾಡಿದವನು ಸಾಲಗಾರನನ್ನು ಪಾಲುಗಾರನಾಗಿಯೂ ಮಾಡಿಕೊಳ್ಳಬೇಕೆಂಬ ನಿಯಮವೆಲ್ಲಿದೆ?

ಹಾಗೆಂದು ನಿರಾಕರಣವೆಲ್ಲವೂ ಉದಾತ್ತವೆಂದು ಭ್ರಮಿಸಬಾರದು. ರೋಷದಿಂದ ಒಲ್ಲೆನೆನ್ನುವುದು ಸುಲಭ. ಪ್ರೇಮದಲ್ಲಿ ವಂಚಿತನಾದವನಿಗೆ ತಾನು ಏನು ಮಾಡಿದರೂ ನ್ಯಾಯವೆಂಬ ಮತ್ತು ಬೇಗ ಏರುತ್ತದೆ. ಈ ಮತ್ತನ್ನು ಜನ್ನನು 1209ರ ತನ್ನ ಯಶೋಧರ ಚರಿತೆಯಲ್ಲಿ ಪರೀಕ್ಷಿಸಿದಷ್ಟು ನಿರ್ದಾಕ್ಷಿಣ್ಯವಾಗಿ ಪರೀಕ್ಷಿಸಿದವರು ವಿರಳ. ರಾಣಿ ಅಮೃತಮತಿಯು ಕುರೂಪಿಯಾದ ಮಾವುತನಿಗೆ ಮನಸೋತದ್ದನ್ನು ಯಶೋಧರನು ಕಣ್ಣಾರೆ ಕಂಡು, ಎತ್ತಿದ ಕತ್ತಿಯನ್ನು ಹಿಂತೆಗೆಯುತ್ತಾನೆ. ಅಷ್ಟಕ್ಕೆ ನಿಂತಿದ್ದರೆ ಅವನು ಸಾಮಾನ್ಯ ಕಥೆಯ ನಾಯಕನಾಗಿ ನಮ್ಮ ಕನಿಕರವನ್ನು ಗಳಿಸುತ್ತಿದ್ದನು. ಆದರೆ ತಾಯಿಯ ಒತ್ತಾಯಕ್ಕೆ ಮಣಿದು ಹಿಟ್ಟಿನ ಕೋಳಿಯನ್ನು ಬಲಿಕೊಡುತ್ತಾನೆ; ರಾಣಿಯು ಇಟ್ಟ ವಿಷದಿಂದ ತಾಯಿಮಗ ಇಬ್ಬರೂ ಸಾಯುತ್ತಾರೆ. ಮಡದಿಯಿಂದ ವಂಚಿತನಾಗಿ ವಿಷಕ್ಕೆ ಬಲಿಯಾದವನೆಂದು ಜನ್ನನು ಅವನಿಗೆ ವಿನಾಯಿತಿ ಕೊಡಲಿಲ್ಲ. ಹಿಟ್ಟಿನ ಕೋಳಿಯಲ್ಲಿ ಪ್ರಾಣವಿರದಿದ್ದರೂ ಕೊಲ್ಲುವ ಸಂಕಲ್ಪದಲ್ಲಿ ಹಿಂಸೆಯಿತ್ತು. ಆ ಸಂಕಲ್ಪಕ್ಕಾಗಿ ಅವನು ಮೃಗಪಕ್ಷಿಗಳ ಜನ್ಮಗಳಲ್ಲಿ ತೊಳಲಬೇಕಾಯಿತು. ನಮಗೆ ಅನ್ಯಾಯವಾಗಿದೆಯೆಂಬುದು ನಮ್ಮ ಮನಸ್ಸಿನ ವ್ಯಾಪಾರಕ್ಕೆ ರಹದಾರಿಯಲ್ಲವೆಂಬುದೇ ಇದರ ತಾತ್ಪರ್ಯ. ಇಂದಿರೆಯ ನಿರಾಕರಣವು ಶ್ರೇಷ್ಠವಾದದ್ದು ಇದರಿಂದಲೇ. ಅವಳು ಆರೈಕೆ ಮಾಡಿದ ಕೈಯಿಂದಲೇ ಒಲ್ಲೆನೆಂದಳು. ಅವಳ ಮಾತಿನಲ್ಲಿ ಹಿಟ್ಟಿನ ಕೋಳಿಯ ಬಲಿಯೂ ಇರಲಿಲ್ಲ.

ಇಲ್ಲಿಯವರೆಗೆ ಕಥೆಯ ಮಾತಾಯಿತು. ಆದರೆ ಈ ಪ್ರಶ್ನೆಯು ಪುಸ್ತಕದಲ್ಲಿಯೇ ಉಳಿಯುವುದಿಲ್ಲ. ಮದುವೆಯಾಗದೆ ಹುಚ್ಚು ಬಿಡದು, ಹುಚ್ಚು ಬಿಡದೆ ಮದುವೆಯಾಗದು ಎಂಬ ಗಾದೆಯನ್ನು ನಮ್ಮ ಜನ ನಗುತ್ತ ಹೇಳುವರು. ನಗುವಿನ ಹಿಂದೆ ಒಂದು ಕ್ರೂರವಾದ ಪದ್ಧತಿ ಇದೆ. ಮಗನ ಮನಸ್ಸು ಕದಡಿದೆಯೆಂದು ತಿಳಿದಾಗ, ವೈದ್ಯನ ಬಳಿಗೆ ಹೋಗುವುದಕ್ಕೆ ಮುಂಚೆ ಹೆಣ್ಣು ನೋಡಲು ಹೋಗುವ ಮನೆಗಳು ಇಂದಿಗೂ ಉಂಟು. ಅಲ್ಲಿ ಬರುವ ಸೊಸೆಯು ಸಂಗಾತಿಯಲ್ಲ, ಔಷಧದ ಗುಳಿಗೆ. ರೋಗವು ವಾಸಿಯಾಗದಿದ್ದರೆ ಗುಳಿಗೆಯ ಕಾಲ್ಗುಣವೇ ಸರಿಯಿಲ್ಲವೆನ್ನುವರು! ನೊಂದ ನಾಯಕನಿಗೆ ಯಾರಾದರೊಬ್ಬಳನ್ನು ಕೊಟ್ಟುಬಿಡಿ ಎಂದು ಕಥೆಗಾರನನ್ನು ಕೇಳುವ ವಾಚಕನೂ ತಿಳಿಯದೆ ಇದೇ ಪದ್ಧತಿಗೆ ಕೈಯೆತ್ತಿದಂತಾಗುತ್ತದೆ. ಕೊಡಲ್ಪಡುವವಳಿಗೂ ಒಂದು ಮನಸ್ಸುಂಟು. ಅವಳ ಕಥೆಗೆ ಅವಳೇ ನಾಯಿಕೆ.

ಪ್ರೇಮವು ಯಾರಿಗೂ ಸಲ್ಲತಕ್ಕ ಬಾಕಿಯಲ್ಲವೆಂದರೆ, ಮನಸ್ಸು ಕೆಟ್ಟ ಸಂಗಾತಿಯನ್ನು ಬಿಟ್ಟುಹೋಗುವುದೂ ಸ್ವಾತಂತ್ರ್ಯವೇ ಎಂದು ಯಾರಾದರೂ ಕೇಳಬಹುದು. ಈ ಆಕ್ಷೇಪವು ಬಲವಾದುದು. ಇದಕ್ಕೆ ತ್ರಿವೇಣಿಯವರ ಮತ್ತೊಂದು ಕೃತಿಯಿಂದ ಸಮಾಧಾನ ದೊರೆಯುತ್ತದೆ. ಪುಟ್ಟಣ್ಣನವರು ಅವರ 'ಶರಪಂಜರ'ವನ್ನು ಆಧರಿಸಿ ತೆಗೆದ ಚಿತ್ರವು 1972ರಲ್ಲಿ ಬಂದಿತು. ಅದರ ನಾಯಿಕೆ ಕಾವೇರಿಯು ಪ್ರಸವದ ಬಳಿಕ ಚಿತ್ತಕ್ಷೋಭೆಗೆ ಒಳಗಾಗಿ, ಆಸ್ಪತ್ರೆಯಲ್ಲಿ ಗುಣಹೊಂದಿ ಮನೆಗೆ ಬರುತ್ತಾಳೆ. ರೋಗವು ಹೋಗಿದೆ, ಹೆಸರು ಹೋಗಿಲ್ಲ. ಅವಳು ನಕ್ಕರೂ ಸಂದೇಹ, ಸಿಟ್ಟಾದರೂ ಸಂದೇಹ. ಗಂಡನು ಬೇರೊಬ್ಬಳ ಸಹವಾಸದಲ್ಲಿರುವುದು ಅವಳಿಗೆ ತಿಳಿದುಬರುತ್ತದೆ. ವಾಸಿಯಾಗಿದ್ದ ಮನಸ್ಸು ಮತ್ತೆ ಒಡೆಯುತ್ತದೆ. ಇಲ್ಲಿ ಕಾವೇರಿಗೆ ಯಾವುದು ಸಲ್ಲಬೇಕಾಗಿತ್ತು? ಹೊಸದಾಗಿ ಉಕ್ಕುವ ಪ್ರಣಯವನ್ನು ಯಾರೂ ಆಜ್ಞೆಯಿಂದ ತರಿಸಲಾರರು. ಆದರೆ ಸಪ್ತಪದಿಯಲ್ಲಿ ಒಮ್ಮೆ ಕೊಟ್ಟ ನಂಬಿಕೆಯು ಸಾಲವೇ ಸರಿ. ಅವಳನ್ನು ಮನುಷ್ಯಳೆಂದು ನೋಡುವುದು, ಅವಳ ಮಾತನ್ನು ಮಾತೆಂದು ಕೇಳುವುದು, ಅವಳಿಂದ ಸತ್ಯವನ್ನು ಬಚ್ಚಿಡದಿರುವುದು, ಇಷ್ಟು ಗಂಡನಾದವನ ಋಣ. ಸಹಬಾಳ್ವೆಯನ್ನು ನ್ಯಾಯವಾಗಿ ನಿರೀಕ್ಷಿಸಲಾಗದಷ್ಟು ತೀವ್ರವಾದ ಮನೋವ್ಯಾಧಿಯಿದ್ದರೆ ವಿಚ್ಛೇದನವನ್ನು ಕೇಳಬಹುದೆಂದು 1955ರ ಹಿಂದೂ ವಿವಾಹ ಕಾಯಿದೆಯು 1976ರ ತಿದ್ದುಪಡಿಯಂತೆ ಹೇಳುತ್ತದೆ. ಬಹಿರಂಗವಾಗಿ ಬಿಡುಗಡೆ ಕೇಳುವುದಕ್ಕೆ ಕಾನೂನು ದಾರಿಯಿಟ್ಟಿದೆ. ಒಳಗೊಳಗೇ ಬಿಟ್ಟು ಹೊರಗೆ ಇಟ್ಟುಕೊಳ್ಳುವುದಕ್ಕೆ ಯಾವ ಧರ್ಮವೂ ದಾರಿಯಿಟ್ಟಿಲ್ಲ. 1974ರಲ್ಲಿ ನಮ್ಮ ಬೆಂಗಳೂರಿನಲ್ಲಿ ರೂಪುಗೊಂಡ ನಿಮ್ಹಾನ್ಸ್ ಸಂಸ್ಥೆಯಂಥವು ರೋಗಿಗೆ ಚಿಕಿತ್ಸೆ ಕೊಡಬಲ್ಲವು. ಮನೆಯವರ ಕಣ್ಣಿನಲ್ಲಿ ಕೂತ ಸಂದೇಹಕ್ಕೆ ಮನೆಯವರೇ ವೈದ್ಯರು.

ಆದುದರಿಂದ ಎರಡು ಮಾತುಗಳನ್ನು ಬೇರೆಬೇರೆಯಾಗಿ ಇಟ್ಟುಕೊಳ್ಳಬೇಕೆಂದು ತೋರುತ್ತದೆ. ಪ್ರೇಮವು ದಾನ, ಅದಕ್ಕೆ ದಾವೆ ಹೂಡಲಾಗದು. ಪಟ್ಟ ಕಷ್ಟವಾಗಲಿ, ಮಾಡಿದ ಉಪಕಾರವಾಗಲಿ, ಸುರಿಸಿದ ಕಣ್ಣೀರಾಗಲಿ ಅದರ ಬೆಲೆಯಲ್ಲ. ನಂಬಿಕೆಯು ಋಣ, ಒಮ್ಮೆ ಬರೆದುಕೊಟ್ಟ ಮೇಲೆ ಅದನ್ನು ತೀರಿಸಲೇಬೇಕು. ದಾನವನ್ನು ಋಣವೆಂದು ಬಗೆದು ಕೇಳುವವನು ಮೋಹನನಂತೆ ಬರಿಗೈಯಲ್ಲಿ ಹಿಂದಿರುಗುತ್ತಾನೆ. ಋಣವನ್ನು ದಾನವೆಂದು ಬಗೆದು ಕೈಬಿಡುವವನು ಕಾವೇರಿಯಂಥವಳೊಬ್ಬಳನ್ನು ಮತ್ತೆ ಕತ್ತಲೆಗೆ ದೂಡುತ್ತಾನೆ.

ಹೀಗೆ ನೋಡಿದರೆ ತೆನ್ಮಾನ ಕಥೆಯ ಅಂತ್ಯವು ಬರಿದಲ್ಲ. ನೀನಾಳು ಅದೇ ಬೆಂಕಿಯಲ್ಲಿ ಬೆಂದು ಈಗತಾನೆ ತನ್ನ ಬದುಕನ್ನು ತನ್ನದೆಂದು ಹಿಡಿಯುತ್ತಿರುವವಳು. ಅವಳನ್ನು ಅವನ ಬಹುಮಾನವಾಗಿ ಮಾಡದೆ ಬಿಟ್ಟದ್ದು ಕಥೆಗಾರನು ಅವಳಿಗೆ ತೋರಿಸಿದ ಗೌರವ. ಅವನಿಗೆ ಉಳಿದದ್ದು ಏನು? ಮೊದಲು ಬಂದ ರೋಗಿಯನ್ನು ಮೊದಲು ನೋಡುವ ಅದೇ ಧರ್ಮ. ಯಾವುದಕ್ಕಾಗಿ ಅವನು ವಧುವನ್ನೂ ಪದವಿಯನ್ನೂ ಕಳೆದುಕೊಂಡನೊ ಅದನ್ನೇ ಅವನು ಉಳಿಸಿಕೊಂಡನು. ಮುಂದೆ ಎಂದಾದರೂ ಒಬ್ಬಳು ತಾನಾಗಿ ಬಂದು ಅವನ ಪಕ್ಕದಲ್ಲಿ ಕುಳಿತರೆ ನಮಗೂ ಸಂತೋಷವೇ. ಆದರೆ ಅವಳು ತಾನಾಗಿಯೇ ಬರಬೇಕು, ನಾವು ಕಳುಹಿಸಬಾರದು.