ಊರ ಪಕ್ಕದ ಅರಮನೆ

ಬೆಂಗಳೂರು ಅರಮನೆಯ ಗೋಡೆಗಳ ಮೇಲಂಚಿಗೆ ಕೋಟೆಗಿರುವಂಥ ತೆನೆಗಳಿವೆ, ಅಲ್ಲಲ್ಲಿ ಎತ್ತರದ ಬುರುಜುಗಳಿವೆ. ಶತ್ರು ಬಂದಾಗ ಮರೆಯಲ್ಲಿ ನಿಂತು ಬಾಣ ಬಿಡಲಿ, ಬಂದೂಕು ಹಾರಿಸಲಿ ಎಂದು ಕೋಟೆ ಕಟ್ಟುವವರು ತೆನೆಗಳನ್ನು ಇಡುತ್ತಿದ್ದರು. ಈ ಅರಮನೆಯ ತೆನೆಗಳ ಮರೆಯಲ್ಲಿ ಯಾವ ಸೈನಿಕನೂ ನಿಂತು ಕಾದಲಿಲ್ಲ. ಇಲ್ಲಿ ಯುದ್ಧ ನಡೆಯಬಹುದೆಂದು ಕಟ್ಟಿದವರೂ ಎಣಿಸಿರಲಿಲ್ಲ. ಇದು ಕೋಟೆಯ ರೂಪ ತೊಟ್ಟ ಮನೆ. ಚೆಂದಕ್ಕಾಗಿ, ಆಸೆಗಾಗಿ ಎದ್ದು ನಿಂತದ್ದು.

ಇದರ ಮೊದಲ ಒಡೆಯ ರಾಜನೂ ಅಲ್ಲ. ಮುಂದೆ ಸೆಂಟ್ರಲ್ ಕಾಲೇಜಾಗಿ ಬೆಳೆದ ಬೆಂಗಳೂರಿನ ಸೆಂಟ್ರಲ್ ಹೈಸ್ಕೂಲಿನ ಮೊದಲ ಪ್ರಿನ್ಸಿಪಾಲರಾದ ರೆವರೆಂಡ್ ಜೆ. ಗ್ಯಾರೆಟ್ ಅವರದು ಈ ಜಾಗ. ಸಂಸ್ಕೃತ, ಕನ್ನಡ, ಇಂಗ್ಲಿಷ್ ಮೂರನ್ನೂ ಒಟ್ಟಿಗೆ ಇಟ್ಟು ಭಗವದ್ಗೀತೆಯನ್ನು ಬೆಂಗಳೂರಿನಲ್ಲಿ ಅಚ್ಚು ಹಾಕಿಸಿದವರು ಇವರೇ. ಇವರಿಂದ 1873ರಲ್ಲಿ ಈ ಆಸ್ತಿಯನ್ನು ಮೈಸೂರಿನ ಬಾಲಕ ದೊರೆ ಹತ್ತನೆಯ ಚಾಮರಾಜ ಒಡೆಯರಿಗಾಗಿ 40,000 ರೂಪಾಯಿಗೆ ಕೊಳ್ಳಲಾಯಿತು. ಹುಡುಗನಿಗೆ ಆಗ ಹತ್ತು ವರ್ಷ. ಓದಿಗೂ ಆಡಳಿತದ ತರಬೇತಿಗೂ ಬೆಂಗಳೂರಿಗೆ ಬಂದಾಗ ಉಳಿದುಕೊಳ್ಳಲು ಒಂದು ಮನೆ ಬೇಕಿತ್ತು. ಆಮೇಲೆ ಇಂಗ್ಲೆಂಡಿನ ಟ್ಯೂಡರ್ ಕಾಲದ ಕಟ್ಟಡಗಳ ರೀತಿಯಲ್ಲಿ ಅದು ಬೆಳೆಯಿತು. ವಿಂಡ್ಸರ್ ಕೋಟೆಯನ್ನು ಮಾದರಿಯಾಗಿ ಇಟ್ಟುಕೊಂಡರೆಂದು ಜನ ಹೇಳುವುದುಂಟು.

ಅಲ್ಲಿಂದ ಕೆಲವೇ ಮೈಲಿಗಳ ಆಚೆ, ಕೆ.ಆರ್. ಮಾರುಕಟ್ಟೆಯ ಬಳಿ ನಿಜವಾದ ಕೋಟೆ ಇದೆ. ಕೆಂಪೇಗೌಡರು ಮಣ್ಣಿನಲ್ಲಿ ಕಟ್ಟಿಸಿದ್ದು, ಹೈದರಾಲಿ 1761ರಲ್ಲಿ ಕಲ್ಲಿನದಾಗಿಸಿದ್ದು. 1791ರ ಮಾರ್ಚಿನಲ್ಲಿ ಇಂಗ್ಲಿಷ್ ದಂಡನಾಯಕ ಕಾರ್ನ್‌ವಾಲಿಸನ ಸೈನ್ಯ ಗೋಡೆ ಒಡೆದು ಅದನ್ನು ಹಿಡಿಯಿತು. ಎಷ್ಟೋ ಜನ ಪ್ರಾಣ ಬಿಟ್ಟ ಆ ಕೋಟೆಯಲ್ಲಿ ಇಂದು ಉಳಿದಿರುವುದು ಒಂದು ಹೆಬ್ಬಾಗಿಲು ಮತ್ತು ಅದರ ಸುತ್ತಲಿನ ತುಣುಕು ಮಾತ್ರ. ರಕ್ತ ಕಂಡ ಕೋಟೆ ಕರಗಿಹೋಯಿತು, ಆಸೆಯ ಕೋಟೆ ಇಡಿಯಾಗಿ ನಿಂತಿದೆ. ಒಂದೇ ದಿನದಲ್ಲಿ ಎರಡನ್ನೂ ನೋಡಬಹುದು. ಬೆಳಿಗ್ಗೆ ಕೋಟೆ, ಮಧ್ಯಾಹ್ನ ಅರಮನೆ ಎಂದು ಮಕ್ಕಳನ್ನು ಕರೆದುಕೊಂಡು ಹೋದರೆ, ಶಾಲೆಯ ಪಾಠದಲ್ಲಿ ಬರುವ ಇಸವಿಗಳಿಗೆ ಮೈ ಬರುತ್ತದೆ.

ಕೊಡಗಿನಲ್ಲಿ ಇದು ತಿರುಗುಮುರುಗಾಗಿದೆ. ಕಕ್ಕಬೆಯ ಹತ್ತಿರ, ತಡಿಯಂಡಮೋಳ್ ಬೆಟ್ಟದ ಬುಡದಲ್ಲಿ ನಾಲ್ಕುನಾಡು ಅರಮನೆ ಇದೆ. ಎದುರಿಗೆ ನಿಂತು ನೋಡಿದರೆ ಅನುಕೂಲಸ್ಥರ ದೊಡ್ಡ ಹೆಂಚಿನ ಮನೆಯೊಂದನ್ನು ನೋಡಿದಂತಾಗುತ್ತದೆ, ಅಷ್ಟೆ. ತೆನೆಯಿಲ್ಲ, ಬುರುಜಿಲ್ಲ. ಆದರೆ ಪ್ರಾಣಭಯದಿಂದ ಹುಟ್ಟಿದ ಕಟ್ಟಡ ಇದು. ಟಿಪ್ಪುವಿನ ಸೆರೆಯಲ್ಲಿ ಪಿರಿಯಾಪಟ್ಟಣದಲ್ಲಿದ್ದ ಕೊಡಗಿನ ದೊರೆ ದೊಡ್ಡವೀರರಾಜೇಂದ್ರ 1788ರಲ್ಲಿ ತಪ್ಪಿಸಿಕೊಂಡು ಬಂದ. ಮತ್ತೆಂದೂ ಶತ್ರುವಿನ ಕೈಗೆ ಸಿಗಬಾರದೆಂದು ಕಾಡಿನ ಮರೆಯ ಈ ಜಾಗವನ್ನು ಆರಿಸಿ, 1792ರಿಂದ ಅರಮನೆ ಕಟ್ಟಿಸಿದ. ಒಳಗೆ ಕೆತ್ತನೆಯ ಮರ, ಬಣ್ಣದ ಚಿತ್ತಾರ. ಜೊತೆಗೇ ಬೆಳಕು ಹೋಗದ ಕಿರಿದಾದ ಕೋಣೆಗಳು. ನಾಲ್ಕು ದಶಕಗಳ ನಂತರ, 1834ರಲ್ಲಿ, ಇಂಗ್ಲಿಷರ ದಂಡು ಕೊಡಗನ್ನು ಹೊಕ್ಕಾಗ ಕೊನೆಯ ದೊರೆ ಚಿಕ್ಕವೀರರಾಜೇಂದ್ರ ಬಂದು ಸೇರಿದ್ದು ಇಲ್ಲಿಗೇ. ಮಾಸ್ತಿಯವರ ಕಾದಂಬರಿಯಿಂದ ಆ ದೊರೆಯನ್ನು ಬಲ್ಲ ಓದುಗರು ಈ ಮನೆಯ ಜಗಲಿಯ ಮೇಲೆ ಒಮ್ಮೆ ನಿಲ್ಲಬೇಕು. ಭಯವಿದ್ದ ದೊರೆ ಕೋಟೆಯನ್ನು ಮನೆಯಂತೆ ಕಟ್ಟಿದ. ಭಯವಿಲ್ಲದ ಕಾಲ ಮನೆಯನ್ನು ಕೋಟೆಯಂತೆ ಕಟ್ಟಿತು. ಎರಡನ್ನೂ ನೋಡಿದವರಿಗೆ ಇದನ್ನು ಬೇರೆ ಯಾರೂ ವಿವರಿಸಿ ಹೇಳಬೇಕಾಗಿಲ್ಲ.

ಇನ್ನು ಮೈಸೂರು. ಅಲ್ಲಿನ ದೊಡ್ಡ ಅರಮನೆಯನ್ನು ನೋಡದ ಕನ್ನಡಿಗರು ಕಡಿಮೆ. ಅದರ ಹುಟ್ಟಿಗೆ ಕಾರಣವಾದ ಘಟನೆಯ ಇನ್ನೊಂದು ತುದಿ ಊರಿನ ಪಶ್ಚಿಮ ಭಾಗದಲ್ಲಿದೆ ಎಂಬುದನ್ನು ಬಲ್ಲವರು ಅಷ್ಟಿಲ್ಲ. 1897ರ ಫೆಬ್ರವರಿಯಲ್ಲಿ ಚಾಮರಾಜ ಒಡೆಯರ ಹಿರಿಯ ಮಗಳು ಜಯಲಕ್ಷ್ಮಮ್ಮಣ್ಣಿಯವರ ಮದುವೆ ನಡೆದಿತ್ತು. ಆ ಸಂಭ್ರಮದ ನಡುವೆ ಬೆಂಕಿ ಬಿದ್ದು ಮರದ ಹಳೆಯ ಅರಮನೆ ಸುಟ್ಟುಹೋಯಿತು. ಆಗ ರೀಜೆಂಟರಾಗಿದ್ದ ಮಹಾರಾಣಿ ವಾಣಿವಿಲಾಸ ಸನ್ನಿಧಾನದವರು ಹೆನ್ರಿ ಇರ್ವಿನ್ ಎಂಬ ವಾಸ್ತುಶಿಲ್ಪಿಗೆ ಹೊಸದನ್ನು ಕಟ್ಟುವ ಕೆಲಸ ಒಪ್ಪಿಸಿದರು. 1912ರಲ್ಲಿ ಮುಗಿದ ಆ ಅರಮನೆಯೇ ಇಂದು ಲೋಕವೆಲ್ಲ ನೋಡುತ್ತಿರುವುದು. ಅದೇ ಜಯಲಕ್ಷ್ಮಮ್ಮಣ್ಣಿಯವರಿಗಾಗಿ 1905ರಲ್ಲಿ ಕುಕ್ಕರಹಳ್ಳಿ ಕೆರೆಯ ಆಚೆಯ ದಿಣ್ಣೆಯ ಮೇಲೆ ಎದ್ದದ್ದು ಜಯಲಕ್ಷ್ಮೀವಿಲಾಸ. ಸಾಲುಸಾಲು ಕಂಬಗಳು, ನೂರಕ್ಕೂ ಮಿಕ್ಕಿದ ಕೋಣೆಗಳು, ಬಣ್ಣದ ಗಾಜು, ಕೆತ್ತನೆಯ ಬಾಗಿಲುಗಳು. ಒಬ್ಬ ರಾಜಕುಮಾರಿಯ ಸಂಸಾರಕ್ಕೆಂದು ಕಟ್ಟಿದ್ದು ಇಷ್ಟೆಲ್ಲ.

ಇಲ್ಲಿ ಒಂದು ಪ್ರಶ್ನೆಯನ್ನು ಮುಚ್ಚಿಡಬಾರದು. ಇಂಥ ಆಸೆಗಳಿಗೆ ಹಣ ಎಲ್ಲಿಂದ ಬಂತು? ಬೆಂಗಳೂರು ಅರಮನೆಯ ಕೆಲಸ ನಡೆದ ವರ್ಷಗಳಲ್ಲೇ, 1876ರಿಂದ 1878ರವರೆಗೆ, ಮೈಸೂರು ಸೀಮೆಯನ್ನು ಭೀಕರ ಬರ ಕಾಡಿತು. ಸುಮಾರು ಹತ್ತು ಲಕ್ಷ ಜನ, ಅಂದರೆ ನಾಡಿನ ಐದರಲ್ಲಿ ಒಂದು ಪಾಲು ಜನ, ಅಳಿದರು. ಆಗ ಆಡಳಿತ ಇಂಗ್ಲಿಷ್ ಕಮಿಷನರರ ಕೈಯಲ್ಲಿತ್ತು, ದೊರೆ ಇನ್ನೂ ಬಾಲಕ. ಆದರೂ ಅರಮನೆಯ ಮರದ ಕೆತ್ತನೆಯನ್ನು ಮೆಚ್ಚುವ ಕಣ್ಣು ಈ ಲೆಕ್ಕವನ್ನೂ ನೋಡಬೇಕು. ಅರಮನೆಯ ಬೊಕ್ಕಸ ತುಂಬಿದ್ದು ರೈತನ ಕಂದಾಯದಿಂದ. ಕಲ್ಲು ಹೊತ್ತವರು, ಗಾರೆ ಅರೆದವರು, ತೇಗದ ಮೇಲೆ ಹೂಬಳ್ಳಿ ಬಿಡಿಸಿದವರು ಯಾರೆಂದು ಯಾವ ಶಿಲಾಫಲಕವೂ ಹೇಳುವುದಿಲ್ಲ. ಅವರೆಲ್ಲ ಕಟ್ಟಿದರು, ಒಳಗೆ ವಾಸ ಮಾಡಲಿಲ್ಲ. ಈ ಸಾಲ ತೀರುವ ದಾರಿ ನನಗೆ ತೋರುವುದು ಒಂದೇ: ಹೊರಗೆ ನಿಂತವರ ಮಕ್ಕಳು, ಮೊಮ್ಮಕ್ಕಳು ಒಳಗೆ ಬರಬೇಕು. ಒಬ್ಬರ ಆಸೆಯ ಮನೆ ಎಲ್ಲರ ಮನೆಯಾಗಬೇಕು.

ಜಯಲಕ್ಷ್ಮೀವಿಲಾಸದಲ್ಲಿ ಇದು ನಿಜವಾಗಿಯೂ ನಡೆಯಿತು. ಕುವೆಂಪು ಕುಲಪತಿಗಳಾಗಿದ್ದಾಗ ಮೈಸೂರು ವಿಶ್ವವಿದ್ಯಾನಿಲಯ ಈ ಮಹಲನ್ನೂ ಸುತ್ತಲಿನ ವಿಶಾಲ ಜಾಗವನ್ನೂ ಕೊಂಡುಕೊಂಡಿತು. 1960ರಲ್ಲಿ ವಿಶ್ವವಿದ್ಯಾನಿಲಯದ ಆವರಣವಾದ ಮಾನಸಗಂಗೋತ್ರಿ ಅಲ್ಲಿ ಕಣ್ಣು ತೆರೆಯಿತು. 1968ರಲ್ಲಿ ಈ ಮಹಲಿನಲ್ಲೇ ಜಾನಪದ ವಸ್ತುಸಂಗ್ರಹಾಲಯ ಶುರುವಾಯಿತು. ಕಲಾವಿದ ಪಿ.ಆರ್. ತಿಪ್ಪೇಸ್ವಾಮಿ, ವಿದ್ವಾಂಸ ಜೀ.ಶಂ. ಪರಮಶಿವಯ್ಯ ಮೊದಲಾದವರು ಹಳ್ಳಿಹಳ್ಳಿ ಅಲೆದು ತಂದ ನೇಗಿಲು, ಕೂರಿಗೆ, ತೊಗಲುಗೊಂಬೆ, ಯಕ್ಷಗಾನದ ಕಿರೀಟ, ಗ್ರಾಮದೇವತೆಗಳ ಮರದ ಮೂರ್ತಿಗಳು ರಾಜಕುಮಾರಿಯ ಹಜಾರಗಳನ್ನು ತುಂಬಿದವು. ಕಂದಾಯ ಕೊಟ್ಟವನ ನೇಗಿಲು ಅರಮನೆಯ ಒಳಗೆ ಗೌರವದ ಜಾಗ ಪಡೆಯಿತು. ಕರ್ನಾಟಕದ ಯಾವ ಅರಮನೆಗೂ ಇದಕ್ಕಿಂತ ಒಳ್ಳೆಯ ಎರಡನೆಯ ಜನ್ಮ ಸಿಕ್ಕಿಲ್ಲ ಎಂದು ನಾನು ನಂಬಿದ್ದೇನೆ.

ಮೈಸೂರಿನ ಬೇರೆ ಮಹಲುಗಳೂ ಹೀಗೆ ದುಡಿಮೆಗೆ ಇಳಿದಿವೆ. ಇನ್ನೊಬ್ಬ ರಾಜಕುಮಾರಿಯ ಚೆಲುವಾಂಬ ಮ್ಯಾನ್ಷನ್‌ನಲ್ಲಿ 1950ರಿಂದ ಕೇಂದ್ರೀಯ ಆಹಾರ ತಾಂತ್ರಿಕ ಸಂಶೋಧನಾಲಯವಿದೆ. ದೇಶದ ಊಟದ ತಟ್ಟೆಗೆ ಬೇಕಾದ ವಿಜ್ಞಾನ ಅಲ್ಲಿ ನಡೆಯುತ್ತಿದೆ. ಕಾರಂಜಿ ಮ್ಯಾನ್ಷನ್ ಅಂಚೆ ನೌಕರರಿಗೆ ತರಬೇತಿ ಕೊಡುತ್ತದೆ. ಮುಮ್ಮಡಿ ಕೃಷ್ಣರಾಜ ಒಡೆಯರು 1861ರಲ್ಲಿ ಕಟ್ಟಿಸಿದ ಜಗನ್ಮೋಹನ ಅರಮನೆ ಚಿತ್ರಶಾಲೆಯಾಗಿ ರವಿವರ್ಮನ ಚಿತ್ರಗಳನ್ನು ಕಾಯುತ್ತಿದೆ. ವೈಸ್‌ರಾಯ್‌ಗೆಂದು 1921ರಲ್ಲಿ ಶುರುವಾದ ಲಲಿತಮಹಲ್, ಲಂಡನ್ನಿನ ಸೇಂಟ್ ಪಾಲ್ಸ್ ಕೆಥೆಡ್ರಲ್ಲನ್ನು ನೆನಪಿಸುವ ಗುಮ್ಮಟ ಹೊತ್ತು, 1974ರಿಂದ ಹೋಟೆಲಾಗಿದೆ. ಇವು ಉಳಿದಿರುವುದಕ್ಕೆ ಮುಖ್ಯ ಕಾರಣ ಅವುಗಳಿಗೆ ಕೆಲಸ ಸಿಕ್ಕಿದ್ದು. ದಿನಾ ಬಾಗಿಲು ತೆರೆಯುವ ಮನೆಯಲ್ಲಿ ಗೆದ್ದಲು ಹಿಡಿದದ್ದು ಬೇಗ ಕಣ್ಣಿಗೆ ಬೀಳುತ್ತದೆ. ಬೀಗ ಹಾಕಿದ ಮನೆಯಲ್ಲಿ ಅದು ತಿಳಿಯುವುದು ತೊಲೆ ಮುರಿದ ದಿನ.

ಬರೀ ಬಳಕೆ ಸಾಲದು, ಆರೈಕೆಯೂ ಬೇಕು. ಜಯಲಕ್ಷ್ಮೀವಿಲಾಸವನ್ನು ಈ ಶತಮಾನದ ಮೊದಲ ದಶಕದಲ್ಲಿ ಇನ್ಫೋಸಿಸ್ ಪ್ರತಿಷ್ಠಾನದ ನೆರವಿನಿಂದ ದುರಸ್ತಿ ಮಾಡಲಾಯಿತು, ಆಮೇಲೆ ಅದು ಮತ್ತೆ ಶಿಥಿಲವಾಯಿತು. ಹಳೆಯ ಕಟ್ಟಡಗಳ ಆಯುಸ್ಸು ಇರುವುದು ಮಾಳಿಗೆಯಲ್ಲಿ. ಮರದ ತೊಲೆಗಳ ಮೇಲೆ ಇಟ್ಟಿಗೆ ಜೋಡಿಸಿ ಸುಣ್ಣದ ಗಾರೆ ಹಾಕಿದ ತಾರಸಿ ಅದು. ನೀರು ಹೋಗುವ ದೋಣಿಯಲ್ಲಿ ತರಗೆಲೆ ಕಟ್ಟಿಕೊಂಡರೆ ಮಳೆ ಒಳಗೆ ಇಳಿಯುತ್ತದೆ, ತೊಲೆಯ ತುದಿ ಕೊಳೆಯುತ್ತದೆ. ಬಿರುಕಿನಲ್ಲಿ ಅರಳಿ ಸಸಿ ಚಿಗುರಿದರೆ ಬೇರು ಗೋಡೆಯನ್ನೇ ಸೀಳುತ್ತದೆ. ಸುಣ್ಣದ ಗೋಡೆಗೆ ಸಿಮೆಂಟು ಮೆತ್ತಿದರೆ ತೇವ ಹೊರಗೆ ಬರಲಾರದೆ ಒಳಗೊಳಗೇ ಗೋಡೆಯನ್ನು ತಿನ್ನುತ್ತದೆ. ಮಳೆಗಾಲಕ್ಕೆ ಮುಂಚೆ ದೋಣಿ ಬಳಿದು, ಸಸಿ ಕಿತ್ತು, ಸುಣ್ಣಕ್ಕೆ ಸುಣ್ಣವನ್ನೇ ಹಚ್ಚುವುದಕ್ಕೆ ಕೋಟಿಗಳು ಬೇಡ. ಅದನ್ನು ಮಾಡದೆ ಬಿಟ್ಟಾಗಲೇ ಕೋಟಿಗಳ ಮಾತು ಬರುವುದು. ಮೈಸೂರಿನ ಲ್ಯಾನ್ಸ್‌ಡೌನ್ ಕಟ್ಟಡದ ಒಂದು ಭಾಗ 2012ರ ಆಗಸ್ಟಿನಲ್ಲಿ ಕುಸಿದು ನಾಲ್ವರು ಸತ್ತರು. ಉದಾಸೀನಕ್ಕೆ ಆ ಊರು ತೆತ್ತ ಬೆಲೆ ಅದು.

ಯಾವ ಕಟ್ಟಡವನ್ನು ಜನ ನೋಡುತ್ತಾರೋ ಅದರ ಬಗ್ಗೆ ಕೇಳುತ್ತಾರೆ. ಕೇಳುವವರಿದ್ದರೆ ಕಚೇರಿಯಲ್ಲಿ ಕಡತ ಮುಂದಕ್ಕೆ ಹೋಗುತ್ತದೆ. ದೂರದ ಜೈಪುರ, ಉದಯಪುರಗಳಿಗೆ ರಜೆ ಕೂಡಿಟ್ಟು ಹೋಗುವುದು ಸಂತೋಷವೇ. ಆದರೆ ಜೈಪುರದ ಮಾಳಿಗೆ ಸೋರಿದರೆ ನಾವು ಹೇಳುವ ಮಾತು ಅಲ್ಲಿ ನಡೆಯುವುದಿಲ್ಲ. ನಮ್ಮೂರ ಮಹಲಿನ ಮಾಳಿಗೆ ಸೋರಿದರೆ ಹೇಳಬೇಕಾದವರು ನಾವೇ. ಹತ್ತಿರದ ಅರಮನೆಗೆ ಹೋಗಿಬರುವುದು ಆದ್ದರಿಂದ ಬರೀ ವಿಹಾರವಲ್ಲ, ಊರಿನವರ ಕರ್ತವ್ಯವೂ ಹೌದು. ದೊಡ್ಡ ಹೆಸರಿನದೇ ಆಗಬೇಕಿಲ್ಲ. ಶಿವಮೊಗ್ಗದಲ್ಲಿ ಶಿವಪ್ಪ ನಾಯಕನ ಹೆಸರಿನ ಅರಮನೆ ಇದೆ. ಮಡಿಕೇರಿಯ ಕೋಟೆಯೊಳಗೆ ಅರಮನೆಯ ಮುಂದೆ ಗಾರೆಯಲ್ಲಿ ಮಾಡಿದ ಎರಡು ಆನೆಗಳು ನಿಜಗಾತ್ರದಲ್ಲಿ ನಿಂತಿವೆ. ಸಂಡೂರಿನಲ್ಲಿ ಘೋರ್ಪಡೆಯವರ ಅರಮನೆ ಇದೆ. ನಿಮ್ಮ ತಾಲ್ಲೂಕಿನಲ್ಲಿ ಹಳೆಯ ದೇಸಗತಿ ವಾಡೆಯೊಂದು ಇರಬಹುದು. ಎಲ್ಲ ಕಡೆ ಒಳಗೆ ಬಿಡುತ್ತಾರೆಂದಿಲ್ಲ. ಬಿಡದ ಕಡೆ ವಿನಯದಿಂದ ಕೇಳಿ, ಹೊರಗಿನಿಂದಾದರೂ ನೋಡಿ.

ಆಡಳಿತ ನಡೆಸುವವರಲ್ಲಿ ನನ್ನ ಬೇಡಿಕೆ ಚಿಕ್ಕದು. ಸರ್ಕಾರದ ಕಚೇರಿಗಳಿರುವ ಹಳೆಯ ಮಹಲುಗಳನ್ನು ವರ್ಷಕ್ಕೆ ಕೆಲವು ದಿನವಾದರೂ ಜನರಿಗೆ ತೆರೆಯಿರಿ. ಕಟ್ಟಿಸಿದವರು ಯಾರು, ಯಾವಾಗ, ಯಾಕೆ ಎಂದು ಬಾಗಿಲಲ್ಲಿ ಕನ್ನಡದ ಫಲಕ ಹಾಕಿ. ಸರ್ಕಾರಿ ಶಾಲೆಯ ಮಕ್ಕಳಿಂದ ಟಿಕೆಟಿನ ಹಣ ತೆಗೆದುಕೊಳ್ಳಬೇಡಿ. ಮಾಳಿಗೆಯ ದುರಸ್ತಿಗೆ ಪ್ರತಿ ವರ್ಷ ಮುಂಗಾರಿಗೆ ಮೊದಲೇ ಹಣ ತೆಗೆದಿಡಿ. ಅಧ್ಯಾಪಕರೇ, ಈ ವರ್ಷದ ಶಾಲಾ ಪ್ರವಾಸದಲ್ಲಿ ಒಂದು ದಿನವನ್ನು ನಿಮ್ಮ ಜಿಲ್ಲೆಯ ಅರಮನೆಗೆ ಮೀಸಲಿಡಿ. ಓದುಗರೇ, ಬರುವ ಭಾನುವಾರ ಮನೆಯ ಮಕ್ಕಳನ್ನೂ ನಡೆಯಬಲ್ಲ ಹಿರಿಯರನ್ನೂ ಕರೆದುಕೊಂಡು ಹತ್ತಿರದ ಅರಮನೆಗೆ ಹೋಗಿ ಬನ್ನಿ. ಅದನ್ನು ಕಟ್ಟಿದ ಬೆವರಿನಲ್ಲಿ ನಿಮ್ಮ ಹಿರಿಯರ ಪಾಲೂ ಇದೆ.